ಅಷ್ಟಭೋಗ ವಿವೇಕ

ಜಮೀನು ಮಾರುವವನು ಏನೇನು ಮಾರುತ್ತಾನೆ? ವಿಜಯನಗರದ ಕಾಲದ ಶಾಸನಗಳಿಂದ ಇಂದಿನ ಕ್ರಯಪತ್ರದವರೆಗೆ ಉತ್ತರ ಒಂದೇ: ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯವೆಂಬ ಅಷ್ಟಭೋಗ. ಅರಸರು ತಾಮ್ರಪಟದಲ್ಲಿ ಅಗ್ರಹಾರ ಬರೆದುಕೊಡುವಾಗ ಇವನ್ನೆಲ್ಲ ಕೊಟ್ಟರು. ಅವರ ಹತ್ತಿರ ಇತ್ತು, ಕೊಟ್ಟರು. ಈಗ ಮೂವತ್ತು ನಲವತ್ತರ ಸೈಟು ಮಾರುವವನೂ ಅದೇ ಸಾಲು ಬರೆಸುತ್ತಾನೆ. ತನ್ನದಲ್ಲದ್ದನ್ನೂ ಧಾರೆ ಎರೆಯುವುದರಿಂದ ಇವನು ಅರಸನಿಗಿಂತ ಒಂದು ಕೈ ಮೇಲು.

ಶಾಸ್ತ್ರದ ಅನುಕೂಲಕ್ಕೆ ಈ ಎಂಟನ್ನು ಅಲಭ್ಯ, ಅರ್ಧಲಭ್ಯ, ಅಗಮ್ಯ ಎಂದು ಮೂರಾಗಿ ವಿಂಗಡಿಸುತ್ತೇನೆ.

ಅಲಭ್ಯಗಳಲ್ಲಿ ಮೊದಲನೆಯದು ನಿಧಿ. ಪಾಯ ತೋಡುವಾಗ ಚಿನ್ನದ ಗಡಿಗೆ ಸಿಕ್ಕಿತೆನ್ನಿ. ಜಿಲ್ಲಾಧಿಕಾರಿಗೆ ತಿಳಿಸಬೇಕು, ಅದಕ್ಕೆಂದೇ 1962ರ ನಮ್ಮ ಕಾಯ್ದೆ ಇದೆ. ನಿಕ್ಷೇಪದ ಕಥೆ ಇನ್ನೂ ಸೊಗಸು. ಹಿಂದೆ ಈ ಮಾತಿಗೆ ನಂಬಿ ಇಟ್ಟ ಒತ್ತೆ, ಹೂತಿಟ್ಟ ವಸ್ತು ಎಂಬರ್ಥ. ಭೂವಿಜ್ಞಾನಿಗಳು ಅದನ್ನೇ ಎತ್ತಿಕೊಂಡು ಅದಿರಿಗೆ ಅಂಟಿಸಿದರು. ಹೀಗಾಗಿ ಸಂಡೂರಿನ ಕಡೆ ಎರಡೆಕರೆ ಕೊಂಡವನು ಪತ್ರ ಓದಿಕೊಂಡು, ಕೆಳಗಿನ ಕಬ್ಬಿಣವೂ ತನ್ನದೆಂದು ಹಿಗ್ಗಿದರೆ ತಪ್ಪು ಅವನದಲ್ಲ, ನಿಘಂಟಿನದು. 1964ರ ಭೂಕಂದಾಯ ಕಾಯ್ದೆಯ 70ನೇ ಕಲಮು ಅವನ ಹಿಗ್ಗಿಗೆ ತಣ್ಣೀರು ಎರಚುತ್ತದೆ: ಸರ್ಕಾರದ ಮಂಜೂರಾತಿಯಲ್ಲೋ ಕಾನೂನಿನಲ್ಲೋ ಬೇರೆ ಮಾತಿಲ್ಲದಿದ್ದರೆ ಗಣಿ, ಖನಿಜಗಳ ಹಕ್ಕು ಸರ್ಕಾರದ್ದೇ. ಪತ್ರದಲ್ಲಿ ಯಾರೂ ಏನನ್ನೂ ಉಳಿಸಿಕೊಳ್ಳಲಿಲ್ಲ. ಉಳಿಸಿಕೊಂಡವನು ಪತ್ರಕ್ಕೆ ಸಹಿ ಹಾಕದ ಮೂರನೆಯವನು.

ಇಲ್ಲಿ ಪೂರ್ವಪಕ್ಷ ಏಳುತ್ತದೆ. ಮಲಬಾರಿನ ಜನ್ಮಿಗಳ, ಅಂದರೆ ವಂಶಪಾರಂಪರ್ಯ ಭೂಮಾಲೀಕರ, ಜಮೀನುಗಳ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2013ರಲ್ಲಿ, ಕಾನೂನು ಕಿತ್ತುಕೊಳ್ಳದ ಹೊರತು ಮೇಲಿನ ನೆಲದವನೇ ಒಳಗಿನ ನೆಲಕ್ಕೂ ಒಡೆಯ ಎಂದಿತಲ್ಲ? ಎಂದಿತು, ನಿಜ. ಆದರೆ ನಮ್ಮಲ್ಲಿ 70ನೇ ಕಲಮು ಕೂತಿದೆ. ಅದಿಲ್ಲದ ಕಡೆಯೂ ಒಡೆತನ ಬೇರೆ, ಅಗೆತ ಬೇರೆ. ಅಗೆಯಲು 1957ರ ಗಣಿ ಕಾಯ್ದೆಯ ಗುತ್ತಿಗೆ ಬೇಕು. ಇದು ಸಿದ್ಧಾಂತ.

ಅರ್ಧಲಭ್ಯಗಳು ಜಲ ಮತ್ತು ಪಾಷಾಣ. ನೀರು ನಿಮ್ಮದೇ, ಆದರೆ ಅಂತರ್ಜಲದ ಅಧಿಸೂಚಿತ ತಾಲ್ಲೂಕಾದರೆ ಬೋರು ಕೊರೆಸಲು ಅನುಮತಿ ಬೇಕು. ಹೊಲದ ಬಂಡೆಯ ಮೇಲೆ ರಾಗಿ ಒಣಗಿಸಬಹುದು. ಒಡೆಸಿ ಮಾರಹೊರಟರೆ ಪರವಾನಗಿ, ರಾಜಧನ. ಕೆಲವು ಪತ್ರಗಳಲ್ಲಿ ತರುವೂ ಸೇರಿ ಎಣಿಕೆ ಒಂಬತ್ತಾಗುತ್ತದೆ, ಹೆಸರು ಮಾತ್ರ ಅಷ್ಟಭೋಗವೇ. ಆ ತರು ಶ್ರೀಗಂಧವಾಗಿದ್ದರೆ 2001ರ ತಿದ್ದುಪಡಿ ಬರುವವರೆಗೂ ಸರ್ಕಾರದ್ದಾಗಿತ್ತು.

ಉಳಿದ ನಾಲ್ಕು ಅಗಮ್ಯ. ಐದನೇ ಮಹಡಿಯ ಫ್ಲ್ಯಾಟಿನ ಕ್ರಯಪತ್ರದಲ್ಲೂ ಅವು ಕಂಡಾಗ, ಉಪನೋಂದಣಿ ಕಚೇರಿಯೆದುರು ಟೈಪು ಮಾಡಿಸುತ್ತಿದ್ದ ಪತ್ರ ಬರಹಗಾರರನ್ನು ಕೇಳಿದೆ: “ಅಕ್ಷೀಣಿ ಅಂದರೇನು ಸ್ವಾಮಿ?” ಅವರು ಕನ್ನಡಕದ ಮೇಲಿಂದ ನೋಡಿದರು. “ಅದು ಇರಬೇಕು ಸಾರ್. ಇಲ್ಲದಿದ್ದರೆ ಬ್ಯಾಂಕಿನವರು ವಾಪಸು ಕಳಿಸ್ತಾರೆ.” ನಾನು ನೆಲ ಅಗೆದರೆ ಸಿಗುವುದು ನಾಲ್ಕನೇ ಮಹಡಿಯವರ ಫ್ಯಾನು ಎಂಬುದನ್ನು ಅವರಿಗೆ ಹೇಳಲಿಲ್ಲ.

ಹೊಲ ಕೊಳ್ಳುವವರಲ್ಲಿ ಒಂದು ಅರಿಕೆ: ಅಷ್ಟಭೋಗದ ಸಾಲನ್ನು ಬಿಟ್ಟು, ತಾಲ್ಲೂಕು ಕಚೇರಿಯಿಂದ ಮೂಲ ಮಂಜೂರಾತಿಯ ನಕಲು ತೆಗೆಸಿ ಓದಿ. ಖನಿಜದ ಮಾತು ಇದ್ದರೆ ಅಲ್ಲಿರುತ್ತದೆ.