ಗೃಹಸಾಲ ಮೀಮಾಂಸೆ, ಅಥವಾ ಐವತ್ತು ಲಕ್ಷ ಎಂದರೆ ಎಷ್ಟು?

ಬಿ.ಎಲ್. ರೈಸ್ 1905ರಲ್ಲಿ ಹೊರತಂದ ಎಪಿಗ್ರಾಫಿಯಾ ಕರ್ನಾಟಿಕದ ಒಂಬತ್ತನೆಯ ಸಂಪುಟ ಬೆಂಗಳೂರು ಜಿಲ್ಲೆಯ ಶಾಸನಗಳದ್ದು. ನೆಲಮಂಗಲ, ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ ತಾಲ್ಲೂಕುಗಳ ಕಲ್ಲುಗಳು ಅದರಲ್ಲಿ ಸಾಲಾಗಿ ನಿಂತಿವೆ. ಯಾರು ಯಾವ ದೇವರಿಗೆ ಗದ್ದೆ ಬಿಟ್ಟರು, ಯಾರು ತುರುಗಳನ್ನು ಬಿಡಿಸಲು ಹೋಗಿ ಸತ್ತರು, ಎಲ್ಲ ದಾಖಲಾಗಿದೆ. ಆದರೆ ಗೃಹಸಾಲ ತೀರಿಸಿದವನದು ಎನ್ನಬಹುದಾದ ಒಂದೇ ಒಂದು ವೀರಗಲ್ಲೂ ಇಲ್ಲ. ಇದರಿಂದ ಎರಡು ಊಹೆ ಸಾಧ್ಯ. ಆ ಕಾಲದಲ್ಲಿ ಗೃಹಸಾಲವೇ ಇರಲಿಲ್ಲ. ಅಥವಾ ಇತ್ತು, ತೀರಿಸಿದವರು ಯಾರೂ ಇರಲಿಲ್ಲ. ವಿದ್ವತ್ ಸಂಪ್ರದಾಯಕ್ಕೆ ಅನುಗುಣವಾಗಿ, ಇವುಗಳಲ್ಲಿ ಹೆಚ್ಚು ಅಸಂಭವವಾದ ಎರಡನೆಯದನ್ನೇ ನಾವು ಈ ಪ್ರಬಂಧಕ್ಕೆ ಆಧಾರವಾಗಿ ಹಿಡಿದಿದ್ದೇವೆ.

ಅಧ್ಯಯನದ ಕ್ಷೇತ್ರ ಬೆಂಗಳೂರು ಗ್ರಾಮಾಂತರ. 1986ರ ಆಗಸ್ಟ್ 15ರಂದು ಹುಟ್ಟಿದ ಈ ಜಿಲ್ಲೆಗೆ ಬೆಂಗಳೂರು ಉತ್ತರ ಎಂದು ಹೆಸರಿಡಲು 2025ರ ಜುಲೈನಲ್ಲಿ ಸಚಿವ ಸಂಪುಟ ತೀರ್ಮಾನಿಸಿತು. ಲೇಔಟಿನವರು ಈ ವಿಷಯದಲ್ಲಿ ಸರ್ಕಾರಕ್ಕಿಂತ ಬಹಳ ಮುಂದಿದ್ದರು. 2008ರಲ್ಲಿ ದೇವನಹಳ್ಳಿಯ ಬಳಿ ವಿಮಾನ ಇಳಿಯತೊಡಗಿದಂದಿನಿಂದಲೇ ಅವರ ಕರಪತ್ರದಲ್ಲಿ ಗ್ರಾಮವೂ ಇಲ್ಲ, ಅಂತರವೂ ಇಲ್ಲ. ಹೊಸಕೋಟೆಯಿಂದ ದಾಬಸ್‌ಪೇಟೆಯವರೆಗೆ ಎಲ್ಲ ಜಾಗವೂ ವಿಮಾನ ನಿಲ್ದಾಣದಿಂದ ಹದಿನೈದು ನಿಮಿಷದಲ್ಲಿದೆ. ಈ ಭೂಗೋಳವನ್ನು ಪರೀಕ್ಷಿಸಲು ನಮಗೆ ವಿಮಾನವೇ ಬೇಕಾದೀತು. ಆದ್ದರಿಂದ ಅದನ್ನು ಕೈಬಿಟ್ಟಿದ್ದೇವೆ.

ಕ್ಷೇತ್ರಕಾರ್ಯದಲ್ಲಿ ಸಿಕ್ಕ ಸಂವಾದಗಳಲ್ಲಿ ಮಾದರಿಯಾಗಿ ಒಂದನ್ನು ಕೊಡುತ್ತೇವೆ. ಮಾಹಿತಿದಾರ 'ಅ' ದೊಡ್ಡಬಳ್ಳಾಪುರದಲ್ಲಿ ರೇಷ್ಮೆ ಸೀರೆಯ ಮಗ್ಗ ಓಡಿಸಿದ ತಾತ. ಮಾಹಿತಿದಾರ 'ಆ' ಹೊಸದಾಗಿ ಫ್ಲ್ಯಾಟ್ ಕೊಂಡ ಮೊಮ್ಮಗ.

"ಎಷ್ಟು ಕಟ್ಬೇಕಪ್ಪಾ?"

"ತಿಂಗಳಿಗೆ ನಲವತ್ಮೂರು ಸಾವಿರ, ತಾತ."

"ತಿಂಗಳಿಂದ್ ಕೇಳ್ಲಿಲ್ಲ ಕಣೋ. ಒಟ್ಟು ಎಷ್ಟು?"

"ಇಪ್ಪತ್ತು ವರ್ಷ, ತಾತ."

"ನಾನು ಕೇಳಿದ್ದು ದುಡ್ಡು."

"ಬಡ್ಡಿ ಕಮ್ಮೀನೇ ತಾತ. ಬರೀ ಎಂಟೂವರೆ."

"ಎಂಟೂವರೇನಾ? ತಿಂಗಳಿಗಾ?"

"ವರ್ಷಕ್ಕೆ ತಾತ."

"ಹಂಗಾದ್ರೆ ಧರ್ಮಕ್ಕೆ ಕೊಟ್ಟಂಗಾಯ್ತು ಬಿಡು."

ಈ ಸಂವಾದದಲ್ಲಿ ತಾತ ಒಂದೇ ಪ್ರಶ್ನೆಯನ್ನು ಮೂರು ಸಲ ಕೇಳಿದ್ದಾರೆ. ಮೊಮ್ಮಗ ಅದಕ್ಕೆ ತಿಂಗಳಿನಲ್ಲಿ, ವರ್ಷದಲ್ಲಿ, ಶೇಕಡಾದಲ್ಲಿ ಉತ್ತರಿಸಿದ್ದಾನೆ. ಒಟ್ಟು ರೂಪಾಯಿಯಲ್ಲಿ ಮಾತ್ರ ಉತ್ತರಿಸಿಲ್ಲ. ಮುಚ್ಚಿಡಬೇಕೆಂದಲ್ಲ, ಆ ಮೊತ್ತವನ್ನು ಅವನಿಗೂ ಯಾರೂ ಗಟ್ಟಿಯಾಗಿ ಓದಿ ಹೇಳಿರಲಿಲ್ಲ. ನೂರಕ್ಕೆ ತಿಂಗಳಿಗೆ ಎರಡು, ಮೂರು ಎಂದು ಕೈಬಡ್ಡಿ ಎಣಿಸಿದ ತಾತನ ಪಾಲಿಗೆ ವರ್ಷಕ್ಕೆ ಎಂಟೂವರೆ ಎಂಬುದು ದಾನವೇ ಸರಿ. ಶಾಸ್ತ್ರವೂ ತಾತನ ಪಕ್ಷ. ಕೌಟಿಲ್ಯ ಅರ್ಥಶಾಸ್ತ್ರದಲ್ಲಿ ನೂರು ಪಣಕ್ಕೆ ತಿಂಗಳಿಗೆ ಒಂದೂಕಾಲು ಪಣವನ್ನು ಧರ್ಮಸಮ್ಮತ ಬಡ್ಡಿ ಎಂದಿದ್ದಾನೆ, ಎಂದರೆ ವರ್ಷಕ್ಕೆ ಹದಿನೈದು. ವ್ಯಾಪಾರಕ್ಕೆ ತಿಂಗಳಿಗೆ ಐದು, ಕಾಡು ದಾಟುವವರಿಗೆ ಹತ್ತು, ಕಡಲು ದಾಟುವವರಿಗೆ ಇಪ್ಪತ್ತು. ಹೆಬ್ಬಾಳದ ಮೇಲ್ಸೇತುವೆ ದಾಟುವವರಿಗೆ ಆತ ದರ ಹೇಳಿಲ್ಲ.

ಬ್ಯಾಂಕಿನವರು ಕೌಟಿಲ್ಯನಿಗಿಂತ ಸಾಧುಗಳೆಂದು ಇಲ್ಲಿಗೆ ಸಿದ್ಧವಾಯಿತು. ಹಾಗಾದರೆ ಮೊಮ್ಮಗ ಸೊರಗುವುದೇಕೆ?

ಉತ್ತರ ದರದಲ್ಲಿಲ್ಲ, ಕಾಲದಲ್ಲಿದೆ. ಐವತ್ತು ಲಕ್ಷ ಸಾಲ, ಶೇ 8.5 ಬಡ್ಡಿ, 240 ತಿಂಗಳು. ಕಂತು 43,391 ರೂಪಾಯಿ. ಎಲ್ಲ ಕಂತನ್ನೂ ಕೂಡಿಸಿದರೆ 1 ಕೋಟಿ 4 ಲಕ್ಷ 14 ಸಾವಿರದ ಹತ್ತಿರ. ಅದರಲ್ಲಿ ಬಡ್ಡಿಯೇ 54 ಲಕ್ಷ. ತಾತ ಕೇಳಿದ ಪ್ರಶ್ನೆಗೆ ಉತ್ತರ ಇದು. ಈ ಜ್ಯೋತಿಷ್ಯಕ್ಕೆ ಕವಡೆಯೇನೂ ಬೇಡ, ಮೊಬೈಲಿನ ಕ್ಯಾಲ್ಕುಲೇಟರ್ ಸಾಕು. ಆದರೂ ನಮ್ಮ ಕ್ಷೇತ್ರದಲ್ಲಿ ಗೃಹಪ್ರವೇಶದ ಮುಹೂರ್ತಕ್ಕೆ ಮೂವರು ಜೋಯಿಸರನ್ನು ಕೇಳಿದವರು ಸಿಕ್ಕರು. ಈ ಗುಣಾಕಾರ ಮಾಡಿದವರು ಸಿಕ್ಕಲಿಲ್ಲ.

ಕಂತಿನ ಒಳಗೇನಿದೆ ಎಂಬುದು ಇನ್ನೂ ಸೂಕ್ಷ್ಮ ವಿಷಯ. ಮೊದಲ ತಿಂಗಳ 43,391ರಲ್ಲಿ 35,417 ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸೇರುವುದು 7,974. ಐದು ವರ್ಷ ತಪ್ಪದೆ ಕಟ್ಟಿ, 26 ಲಕ್ಷ ಕೊಟ್ಟು, ಎದೆಯುಬ್ಬಿಸಿ ಸ್ಟೇಟ್‌ಮೆಂಟ್ ತೆಗೆಸಿದವನಿಗೆ ಕಾಣುವ ಬಾಕಿ 44 ಲಕ್ಷ. ಇಳಿದದ್ದು ಆರು ಲಕ್ಷಕ್ಕೂ ತುಸು ಕಡಿಮೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು 143ನೆಯ ತಿಂಗಳಲ್ಲಿ, ಹನ್ನೆರಡನೆಯ ವರ್ಷ ಮುಗಿಯುವ ಹೊತ್ತಿಗೆ. ಅರ್ಧ ಸಾಲ ತೀರಲು ಹದಿಮೂರು ವರ್ಷ ಹತ್ತು ತಿಂಗಳು ಬೇಕು. ಹತ್ತನೆಯ ವರ್ಷಕ್ಕೆ ಅರ್ಧ ತೀರಿತೆಂದು ಸಿಹಿ ಹಂಚಿದ ಕುಟುಂಬಗಳು ಮುಂದಿನ ಕೆಲವು ವರ್ಷ ಆ ಸಿಹಿಯ ಸಂಗತಿ ಎತ್ತದಿರುವುದನ್ನು ನಾವು ಗಮನಿಸಿದ್ದೇವೆ.

ಇದಕ್ಕೆ ಜಿಲ್ಲೆಯಲ್ಲೇ ಒಂದು ದೃಷ್ಟಾಂತವಿದೆ. ನೆಲಮಂಗಲ ತಾಲ್ಲೂಕಿನ ಶಿವಗಂಗೆಯಲ್ಲಿ ಗಂಗಾಧರೇಶ್ವರನಿಗೆ ತುಪ್ಪದ ಅಭಿಷೇಕ ಮಾಡಿದರೆ ತುಪ್ಪ ತಿರುಗಿ ಬೆಣ್ಣೆಯಾಗುತ್ತದೆಂದು ಭಕ್ತರ ನಂಬಿಕೆ. ಕಾಯಿಸಿ ಮುಗಿದದ್ದು ಕಾಯಿಸುವ ಮುಂಚಿನ ಸ್ಥಿತಿಗೆ ಹೋಗುವ ಈ ಪವಾಡವೇ ಕಂತಿನಲ್ಲೂ ನಡೆಯುತ್ತದೆ: ಸಾಲ ತೀರಲೆಂದು ಸುರಿದದ್ದು ಸಾಲ ತೀರದ ಸ್ಥಿತಿಗೆ ಮರಳುತ್ತದೆ. ಒಂದೇ ವ್ಯತ್ಯಾಸವೆಂದರೆ, ಶಿವಗಂಗೆಯಲ್ಲಿ ಬೆಣ್ಣೆಯನ್ನು ಪ್ರಸಾದವೆಂದು ಭಕ್ತನ ಕೈಗೇ ಕೊಡುತ್ತಾರೆ.

ಬಡ್ಡಿ ಅಸಲನ್ನು ಮೀರುವುದು ಅಧರ್ಮವಲ್ಲವೇ ಎಂದು ಕೆಲವು ಸಂಪ್ರದಾಯಸ್ಥ ಸಾಲಗಾರರು ಕೇಳಿದರು. ಬಡ್ಡಿ ಸೇರಿ ಸಾಲ ಎರಡರಷ್ಟನ್ನು ದಾಟಬಾರದೆಂದು ಮನುಸ್ಮೃತಿಯಲ್ಲಿ ಇರುವುದು ನಿಜ. ಆದರೆ ಅಲ್ಲಿ 'ಒಮ್ಮೆಗೇ ವಸೂಲು ಮಾಡಿದಾಗ' ಎಂಬ ಷರತ್ತಿದೆ. ತಿಂಗಳು ತಿಂಗಳೂ ಎಳೆದುಕೊಳ್ಳುವ ಬಡ್ಡಿಗೆ ಆ ತಡೆ ಇಲ್ಲ. ಕಂತಿನ ಪದ್ಧತಿಯನ್ನು ಕಂಡುಹಿಡಿದವನು ಧರ್ಮಶಾಸ್ತ್ರ ಓದಿಕೊಂಡಿದ್ದ ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಿಲ್ಲ.

ಮೂವತ್ತು ವರ್ಷದ ಔದಾರ್ಯ

ಈಗ ವಿಷಯದ ತಿರುಳಿಗೆ ಬರೋಣ. ಕಂತು ಭಾರವಾಯಿತೆಂದು ಮೊಮ್ಮಗ ಮುಖ ಸಣ್ಣದು ಮಾಡಿದರೆ, ಮೇಜಿನ ಆಚೆ ಕೂತವರು ಅವಧಿಯನ್ನು ಮೂವತ್ತು ವರ್ಷಕ್ಕೆ ಎಳೆಯುತ್ತಾರೆ. ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ 4,945 ರೂಪಾಯಿ ಉಳಿಯಿತು! ದಂಪತಿಗಳು ಹೊಸಕೋಟೆಗೆ ಹೋಗಿ ಮುಂಜಾವದ ಬಿರಿಯಾನಿಯ ಸಾಲಿನಲ್ಲಿ ನಿಂತು ಅದನ್ನು ಆಚರಿಸುತ್ತಾರೆ. ಅತ್ತ ಒಟ್ಟು ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಏರಿರುತ್ತದೆ. ತಿಂಗಳಿಗೆ ಐದು ಸಾವಿರದಷ್ಟು ಉಸಿರಾಟಕ್ಕೆ ತೆತ್ತ ಬೆಲೆ 34 ಲಕ್ಷ. ಇದೇ ಸಾಲವನ್ನು ಹದಿನೈದು ವರ್ಷಕ್ಕೆ ತಂದರೆ ಕಂತು 49,237, ಬಡ್ಡಿ 38 ಲಕ್ಷ 63 ಸಾವಿರ. ಮನೆ ಒಂದೇ, ದರ ಒಂದೇ, ಗೋಡೆಯ ಸುಣ್ಣವೂ ಒಂದೇ. ಬೆಲೆ ಮಾತ್ರ ಮೂರು.

ಅವಧಿ ತಾನಾಗಿಯೇ ಬೆಳೆಯುವುದೂ ಉಂಟು. 2019ರ ಅಕ್ಟೋಬರಿನಿಂದ ಬ್ಯಾಂಕುಗಳ ಹೊಸ ಚರ ಬಡ್ಡಿಯ ಗೃಹಸಾಲಗಳನ್ನು ರಿಸರ್ವ್ ಬ್ಯಾಂಕ್ ನಿಗದಿಪಡಿಸುವ ರೆಪೋದಂಥ ಹೊರಗಿನ ದರಕ್ಕೆ ಕಟ್ಟಿಹಾಕಲಾಯಿತು. ರೆಪೋ 2022ರ ಮೇನಲ್ಲಿ ಶೇ 4ರಿಂದ ಹೊರಟು 2023ರ ಫೆಬ್ರುವರಿಗೆ 6.5 ಮುಟ್ಟಿತು. ಶೇ 6.75ಕ್ಕೆ ಇಪ್ಪತ್ತು ವರ್ಷಕ್ಕೆಂದು ಐವತ್ತು ಲಕ್ಷ ತೆಗೆದವನ ಕಂತು 38,018. ಎರಡು ವರ್ಷ ಕಟ್ಟಿದ ಮೇಲೆ ದರ ಎರಡೂವರೆ ಏರಿತು, ಕಂತು ಹಾಗೇ ಉಳಿಯಿತು ಎಂದುಕೊಳ್ಳಿ. ಆಗ ಉಳಿಯುವ ಅವಧಿ ಹದಿನೆಂಟು ವರ್ಷವಲ್ಲ, ಮೂವತ್ತೈದು ವರ್ಷದ ಮೇಲೆ. ನಿವೃತ್ತಿ ವಯಸ್ಸು ಅರವತ್ತು ಎಂಬುದು ಈ ಲೆಕ್ಕಕ್ಕೆ ಗೊತ್ತಿಲ್ಲ. ಸಾಲದ ಮೊದಲ ತಿಂಗಳಲ್ಲೇ ಆ ಏರಿಕೆ ಬಂದಿದ್ದರೆ ತಿಂಗಳ ಬಡ್ಡಿಯೇ 38,542 ಆಗಿ, ಕಂತು ಬಡ್ಡಿಗೂ ಸಾಲದೆ, ಕಟ್ಟಿದಷ್ಟೂ ಸಾಲ ಬೆಳೆಯುತ್ತಿತ್ತು. ಹೀಗೆ ಹೇಳದೆ ಕೇಳದೆ ಅವಧಿ ಹಿಗ್ಗಿಸುವುದು ಸರಿಯಲ್ಲ, ಕಂತು ಏರಿಸಬೇಕೋ ಅವಧಿ ಏರಿಸಬೇಕೋ ಎಂದು ಸಾಲಗಾರನನ್ನೇ ಕೇಳಿ ಎಂದು ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಸುತ್ತೋಲೆ ಹೊರಡಿಸಿತು. ಆ ಪ್ರಶ್ನೆ ಎಸ್ಸೆಮ್ಮೆಸ್ಸಿನಲ್ಲಿ ಬರುತ್ತದೆ. ಅದು ಲಾಟರಿ ಗೆದ್ದಿರಿ ಎಂಬ ಸಂದೇಶದ ಕೆಳಗೆ ಮತ್ತು ವಿದ್ಯುತ್ ಕಡಿತದ ಎಚ್ಚರಿಕೆಯ ಮೇಲೆ ಇರುತ್ತದೆ. 2025ರಲ್ಲಿ ರೆಪೋ ಮತ್ತೆ ಇಳಿದು ವರ್ಷದ ಕೊನೆಗೆ 5.25ಕ್ಕೆ ಬಂತು. ಇಳಿದ ದರ ತಮ್ಮ ಖಾತೆಗೂ ಬಂತೇ ಎಂದು ನೋಡಿದವರು, ಏರಿದಾಗ ಬೈದವರಿಗಿಂತ ಕಡಿಮೆ.

ಪೂರ್ವಪಕ್ಷ

ಅರ್ಥಶಾಸ್ತ್ರ ಬಲ್ಲ ಪ್ರತಿವಾದಿ ಇಲ್ಲಿ ಎದ್ದು ನಿಲ್ಲುತ್ತಾನೆ. "ಸ್ವಾಮಿ, ಇಪ್ಪತ್ತು ವರ್ಷದ ಮೇಲಿನ ರೂಪಾಯಿಯೂ ಇವತ್ತಿನ ರೂಪಾಯಿಯೂ ಒಂದೇ ಎಂದು ಕೂಡಿಸುವುದು ತಪ್ಪು. ಬೆಲೆಯೇರಿಕೆ ವರ್ಷಕ್ಕೆ ಐದರಂತೆ ಇದ್ದರೆ ಕೊನೆಯ ಕಂತಿನ 43,391ರ ಇಂದಿನ ಬೆಲೆ ಹದಿನಾರು ಸಾವಿರ ಚಿಲ್ಲರೆ. ಸಂಬಳ ಏರುತ್ತದೆ, ಸೈಟಿನ ಬೆಲೆ ಏರುತ್ತದೆ, ಬಾಡಿಗೆ ಉಳಿಯುತ್ತದೆ."

ಈ ಮಾತು ನಿಜ, ಮತ್ತು ಆ ಕಾರಣಕ್ಕೇ ನಮಗೆ ಇಷ್ಟವಾಗಲಿಲ್ಲ. ಇದರಲ್ಲಿ ಒಂದು ಸಣ್ಣ ಬಿರುಕನ್ನು ಹುಡುಕಿ ತೆಗೆದಿದ್ದೇವೆ. ಅಗ್ಗವಾಗುವವು ಕೊನೆಯ ಕಂತುಗಳು, ಅವುಗಳಲ್ಲಿ ಬಡ್ಡಿಯೇ ಇಲ್ಲವೆನ್ನಬೇಕು. ಕಟ್ಟಕಡೆಯ ಕಂತಿನಲ್ಲಿ ಅದು 305 ರೂಪಾಯಿ. ದುಬಾರಿ ರೂಪಾಯಿಗಳು ಮೊದಲಿನವು. ಸಂಬಳ ಸಣ್ಣದಿದ್ದಾಗ, ಮಗು ಪ್ರಿ-ನರ್ಸರಿಯಲ್ಲಿದ್ದಾಗ, ಮಾಡ್ಯುಲರ್ ಅಡುಗೆಮನೆಯ ಬಾಕಿ ಇದ್ದಾಗ ಕಟ್ಟಿದವು. ಬ್ಯಾಂಕು ತನ್ನ ಬಡ್ಡಿಯ ಬಹುಪಾಲನ್ನು ಗಟ್ಟಿ ರೂಪಾಯಿಯಲ್ಲಿ ಮೊದಲೇ ತೆಗೆದುಕೊಂಡು, ಅಸಲನ್ನು ಸವೆದ ರೂಪಾಯಿಯಲ್ಲಿ ಕೊನೆಗೆ ತೆಗೆದುಕೊಳ್ಳುತ್ತದೆ. ಸೈಟಿನ ಬೆಲೆ ಏರುವುದೂ ನಿಜ. ಆದರೆ ಇರುವ ಒಂದೇ ಮನೆಯ ಬೆಲೆ ಏರಿದರೆ ನಾಲ್ಕು ಜನರ ಮುಂದೆ ಹೇಳಿಕೊಳ್ಳಬಹುದೇ ಹೊರತು ಕಂತಿನ ದಿನ ಖರ್ಚು ಮಾಡಲಾಗದು. ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ ರೈತರು ತಮ್ಮ 1,777 ಎಕರೆಯನ್ನು ಸರ್ಕಾರಕ್ಕೆ ಬಿಟ್ಟುಕೊಡದೆ ಮೂರು ವರ್ಷಕ್ಕೂ ಮೇಲೆ ಧರಣಿ ಕೂತು 2025ರ ಜುಲೈ 15ರಂದು ಗೆದ್ದರು. ಅದೇ ತಾಲ್ಲೂಕಿನಲ್ಲಿ ಮೂವತ್ತು-ನಲವತ್ತು ಅಡಿಯ ಸೈಟು ಕೊಂಡವರ ಪರವಾಗಿ ಧರಣಿ ಕೂರಲು ಇನ್ನೂ ಯಾರೂ ಮುಂದೆ ಬಂದಿಲ್ಲ.

ತೆರಿಗೆ ಉಳಿಯುವುದಿಲ್ಲವೇ ಎನ್ನಬಹುದು. ಹಳೆಯ ಪದ್ಧತಿಯಲ್ಲಿ ವರ್ಷಕ್ಕೆ ಎರಡು ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿ ಉಂಟು; ಮೊದಲ ವರ್ಷ ಕಟ್ಟುವ ಬಡ್ಡಿ ನಾಲ್ಕು ಲಕ್ಷ ಇಪ್ಪತ್ತೊಂದು ಸಾವಿರ. ಹೊಸ ಪದ್ಧತಿಯಲ್ಲಿ, ತಾನೇ ವಾಸವಿರುವ ಮನೆಗೆ, ಅದೂ ಇಲ್ಲ. ಮುಂದಿನ ಪ್ರಶ್ನೆ.

ಲೆಕ್ಕಕ್ಕೆ ಬಾರದವು

ಮೇಲಿನದೆಲ್ಲ ಕಾಗದದ ಮೇಲಿನ ಖರ್ಚು. ಬ್ಯಾಂಕು ಐವತ್ತು ಲಕ್ಷ ಕೊಡುವುದು ಮನೆಯ ಬೆಲೆಯ ಶೇ 80ಕ್ಕೆ ಎಂದರೆ ಮನೆಗೆ ಅರವತ್ತೆರಡೂವರೆ ಲಕ್ಷ. ಉಳಿದ ಹನ್ನೆರಡೂವರೆ ನಮ್ಮ ಕೈಯಿಂದ. ಅದರ ಮೇಲೆ ಮುದ್ರಾಂಕ ಶುಲ್ಕ, ಸೆಸ್ಸು, ಸರ್‌ಚಾರ್ಜು, ಜೊತೆಗೆ 2025ರ ಆಗಸ್ಟ್ 31ರಿಂದ ಶೇ 1ರಿಂದ 2ಕ್ಕೇರಿದ ನೋಂದಣಿ ಶುಲ್ಕ. ಎಲ್ಲ ಸೇರಿ ನಾಲ್ಕೂಮುಕ್ಕಾಲು ಲಕ್ಷದ ಆಸುಪಾಸು. ಇದಕ್ಕೆ ಬ್ಯಾಂಕು ಸಾಲ ಕೊಡುವುದಿಲ್ಲ. ಆದ್ದರಿಂದ ಇದು ಚೀಟಿ ಎತ್ತಿದ್ದರಿಂದ, ಅಮ್ಮನ ಬಳೆಯಿಂದ, ಮಾವನವರ ಮೌನದಿಂದ ಬರುತ್ತದೆ. ಮಾವನವರ ಮೌನಕ್ಕೆ ಬಡ್ಡಿದರ ಎಷ್ಟೆಂದು ಯಾವ ಸುತ್ತೋಲೆಯೂ ಹೇಳುವುದಿಲ್ಲ. ಅದು ಪ್ರತಿ ಯುಗಾದಿಗೆ ಮರುನಿಗದಿಯಾಗುತ್ತದೆ.

ಆಮೇಲೆ ಮೂಲಪತ್ರ, ಪಹಣಿ, ಕನ್ವರ್ಷನ್, ಇ.ಸಿ., ಪಂಚಾಯಿತಿಯ ಇ-ಸ್ವತ್ತಿನ ನಮೂನೆ 9 ಮತ್ತು 11. ಹನ್ನೊಂದರಲ್ಲಿ 'ಬಿ' ಬಂದರೆ, ಎಂದರೆ ಸೈಟು ಅನುಮೋದನೆಯಿಲ್ಲದ ಬಡಾವಣೆಯದಾದರೆ, ದೊಡ್ಡ ಬ್ಯಾಂಕುಗಳು ಮುಖ ತಿರುಗಿಸುತ್ತವೆ. ಆಗ ಹೆಚ್ಚು ದರಕ್ಕೆ ಕೊಡುವ ಸಣ್ಣವರ ಬಾಗಿಲು. ಒಂದು ಅಕ್ಷರ ಗುರುವೋ ಲಘುವೋ ಎಂಬುದರ ಮೇಲೆ ಎಲ್ಲ ನಿಲ್ಲುವುದನ್ನು ಛಂದಶ್ಶಾಸ್ತ್ರವೂ ಬಲ್ಲದು; ಇಲ್ಲಿ ಆ ಅಕ್ಷರಕ್ಕೆ ಇಪ್ಪತ್ತು ವರ್ಷ ಬಡ್ಡಿ. ಸಹಿ ಹಾಕುವ ಕೊನೆಯ ಗಳಿಗೆಯಲ್ಲಿ ವಿಮೆಯ ಕಾಗದವೂ ಕೈಗೆ ಬರುತ್ತದೆ. ಒಂದು ಲಕ್ಷದ ಪ್ರೀಮಿಯಂ, ಕೈಯಿಂದ ಕೊಡಬೇಕಿಲ್ಲ, ಸಾಲಕ್ಕೇ ಸೇರಿಸುತ್ತಾರೆ. ಇಪ್ಪತ್ತು ವರ್ಷದಲ್ಲಿ ಅದು ಎರಡು ಲಕ್ಷ ಎಂಟು ಸಾವಿರವಾಗುತ್ತದೆ. ವಿಮೆ ಬೇಡವೆಂದಲ್ಲ. ಬೇರೆ ಕಡೆ ಕೊಂಡು ವರ್ಷ ವರ್ಷ ಕಟ್ಟಲೂಬಹುದೆಂದು ಆ ಗಳಿಗೆಯಲ್ಲಿ, ಏಸಿಯ ಆ ತಂಪಿನಲ್ಲಿ, ಯಾರಿಗೂ ಹೊಳೆಯುವುದಿಲ್ಲ.

ಒಪ್ಪಂದದ ಕೊನೆಯ ಪುಟಗಳನ್ನು ನಾವು ಶಾಸನಗಳ ಶಾಪಾಶಯದೊಂದಿಗೆ ಹೋಲಿಸಿ ನೋಡಿದೆವು. ದಾನವನ್ನು ಕೆಡಿಸಿದವನು ಅರುವತ್ತು ಸಾವಿರ ವರ್ಷ ಕ್ರಿಮಿಯಾಗಿ ಹುಟ್ಟಲಿ ಎಂಬುದು ಹಳೆಯ ಕಲ್ಲುಗಳ ಮಾತು. ಒತ್ತೆಯಿಟ್ಟ ಆಸ್ತಿಯನ್ನು ವಶಪಡಿಸಿಕೊಳ್ಳಲು ಬ್ಯಾಂಕಿಗೆ ಅಧಿಕಾರ ಕೊಟ್ಟ 2002ರ ಸರ್ಫೇಸಿ ಕಾಯ್ದೆ ಅದನ್ನು ಅರುವತ್ತು ದಿನಗಳ ನೋಟಿಸಿಗೆ ಇಳಿಸಿದೆ. ಕಂತು ತೊಂಬತ್ತು ದಿನ ಮೀರಿ ನಿಂತು ಖಾತೆ ಕೆಟ್ಟರೆ ಈ ಶಾಪ ತಟ್ಟುತ್ತದೆ. ಕ್ರಿಮಿಯ ಜನ್ಮಕ್ಕೆ ಬದಲು ಸಿಬಿಲ್ ಅಂಕ ಬಂದಿದೆ.

ಪರಿಹಾರ ಹೇಳುವುದು ಶುದ್ಧ ಸಂಶೋಧಕರ ಕೆಲಸವಲ್ಲ. ಆದರೂ ತಾತ ಬಿಡಲಿಲ್ಲ. ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟಿದರೆ ಇಪ್ಪತ್ತು ವರ್ಷದಲ್ಲಿ ಮೂರು ವರ್ಷಕ್ಕೂ ಹೆಚ್ಚು ಕಳಚುತ್ತದೆ, ಹತ್ತು ಲಕ್ಷದ ಆಸುಪಾಸು ಬಡ್ಡಿ ಉಳಿಯುತ್ತದೆ. ಚರ ಬಡ್ಡಿಯ ಗೃಹಸಾಲವನ್ನು ಮೊದಲೇ ತೀರಿಸಿದರೆ ದಂಡ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ಹಾಗೆ ಕಟ್ಟುವಾಗ "ಕಂತು ಇಳಿಸಬೇಡಿ, ಅವಧಿ ಇಳಿಸಿ" ಎಂದು ಬರೆದುಕೊಡಬೇಕು. ಇದನ್ನು ಕೇಳಿದ ತಾತ "ಮಗ್ಗದ ಸಾಲಾನ ನಾವು ಹಂಗೇ ತೀರ್ಸಿದ್ದು, ಸೀರೆ ಹೋದಾಗೆಲ್ಲ ಒಂದಿಷ್ಟು" ಎಂದರು. ನಮ್ಮ ಮೂರು ಅಧ್ಯಾಯಗಳನ್ನು ಒಂದು ವಾಕ್ಯದಲ್ಲಿ ಮುಗಿಸಿದ್ದಕ್ಕಾಗಿ ಮಾಹಿತಿದಾರ 'ಅ'ನನ್ನು ಕೃತಜ್ಞತೆಯ ಪುಟದಿಂದ ಕೈಬಿಡಲಾಗಿದೆ.

ಸಾಲ ತೀರಿದ ಮೇಲಿನ ಅವಸ್ಥೆಯ ಬಗ್ಗೆ ಮಾಹಿತಿ ವಿರಳ. ಪೂರ್ತಿ ತೀರಿಸಿದ ಮೂವತ್ತು ದಿನದೊಳಗೆ ಬ್ಯಾಂಕು ಮೂಲಪತ್ರಗಳನ್ನು ಹಿಂದಿರುಗಿಸಬೇಕು, ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಇಪ್ಪತ್ತು ವರ್ಷದಲ್ಲಿ ಮೊದಲ ಸಲ ಮೀಟರು ಬ್ಯಾಂಕಿನ ವಿರುದ್ಧ ಓಡುವ ಗಳಿಗೆ ಇದು: ತಿಂಗಳು ತಡವಾದರೆ ಒಂದೂವರೆ ಲಕ್ಷ, ಮೂರು ಕಂತಿಗಿಂತ ಹೆಚ್ಚು. ತಮ್ಮ ಪತ್ರ ಕಳೆದುಹೋಗಲೆಂದು ಘಾಟಿ ಸುಬ್ರಹ್ಮಣ್ಯಕ್ಕೆ ಹರಕೆ ಹೊತ್ತವರು ಇದ್ದಾರೆಯೇ ಎಂಬುದು ಎರಡನೆಯ ಸಂಪುಟದ ವಿಷಯ. ಅದರ ಕ್ಷೇತ್ರಕಾರ್ಯಕ್ಕೆ ವಿಶ್ವವಿದ್ಯಾಲಯಗಳಿಂದ ಅನುದಾನ ಬರುವ ಲಕ್ಷಣವಿಲ್ಲದ ಕಾರಣ, ಸದ್ಯಕ್ಕೆ ನಮ್ಮ ಮನೆಯ ಮೇಲೆ ಟಾಪ್-ಅಪ್ ಸಾಲಕ್ಕೆ ಅರ್ಜಿ ಹಾಕಿದ್ದೇವೆ. ತಿಂಗಳಿಗೆ ಬರೀ ಏಳು ಸಾವಿರವಂತೆ.