ಬೆಳಿಗ್ಗೆ ಒಂದು, ರಾತ್ರಿ ಒಂದು

ನಮ್ಮ ಪುತ್ತೂರು ಕಡೆ ಔಷಧಿಯನ್ನು ಔಷಧಿ ಎನ್ನುವವರು ಕಡಿಮೆ. ಜ್ವರಕ್ಕೆ ಮದ್ದು, ಕೆಮ್ಮಿಗೆ ಮದ್ದು, ಹಾವು ಕಚ್ಚಿದರೆ ಮದ್ದು. ಜಾತ್ರೆಯ ರಾತ್ರಿ ದೇವಸ್ಥಾನದ ಗದ್ದೆಯಿಂದ ಆಕಾಶಕ್ಕೆ ಹಾರಿಸುವುದೂ ಮದ್ದೇ. ಕೊಂಚ ಮರ್ಯಾದೆ ಸೇರಿಸಿ ಅದನ್ನು ಸುಡುಮದ್ದು ಎನ್ನುತ್ತೇವೆ. ಅಜ್ಜ ಹಂದಿ ಓಡಿಸಲು ಕೋವಿಗೆ ಗಿಡಿಯುತ್ತಿದ್ದುದೂ ಮದ್ದು. ಒಂದೇ ಪದಕ್ಕೆ ಇಷ್ಟೆಲ್ಲ ಕೆಲಸ ಹಚ್ಚಿದ್ದು ನುಡಿಯ ಬಡತನ ಎಂದು ನಾನು ಚಿಕ್ಕಂದಿನಲ್ಲಿ ತಿಳಿದಿದ್ದೆ. ದಿಲ್ಲಿ ಪಕ್ಕದ ಗಾಜಿಯಾಬಾದಿಗೆ ಬಂದು ನೆಲೆಸಿದ ಮೇಲೆ ಗೊತ್ತಾಯಿತು, ಅದು ಹಿರಿಯರ ವೈದ್ಯಜ್ಞಾನ.

ಇಲ್ಲಿನವರಿಗೂ ಆ ಜ್ಞಾನ ಇದೆ. ಹಿಂದಿಯಲ್ಲಿ ಮಾತ್ರೆಯೂ ಗೋಲಿ, ಗುಂಡೂ ಗೋಲಿ. ಪರ್ಷಿಯನ್ನರು ಔಷಧಿಯನ್ನು ದಾರೂ ಎಂದರು. ಮರಾಠರಿಗೆ ಅದು ಫಿರಂಗಿಯ ಮದ್ದಾಯಿತು. ನನ್ನ ನೆರೆಯವರಿಗೆ ಶನಿವಾರ ಸಂಜೆಯಾಯಿತು. ಎಲ್ಲರಿಗಿಂತ ಮೊದಲು ಈ ಸಿಡಿಯುವ ಮದ್ದನ್ನು ಕಂಡುಕೊಂಡ ಚೀನೀಯರು ಇಟ್ಟ ಹೆಸರು ‘ಹುವೋ ಯಾವೋ’, ಅಂದರೆ ಬೆಂಕಿಮದ್ದು. ಅವರು ಹುಡುಕುತ್ತಿದ್ದುದೇ ಮದ್ದನ್ನು, ಅದೂ ಸಾವೇ ಬಾರದಂತೆ ಮಾಡುವ ಮದ್ದನ್ನು. ಗಂಧಕ, ಪೆಟ್ಲುಪ್ಪುಗಳನ್ನು ಜೇನಿನ ಜೊತೆ ಕಾಯಿಸಿದ ರಸವಾದಿಗಳ ಕೈ ಮುಖ ಸುಟ್ಟವು, ಮನೆಯೂ ಉರಿದುಹೋಯಿತು ಎಂದು ಸಾವಿರ ವರ್ಷಕ್ಕೂ ಹಳೆಯ ಅವರ ಗ್ರಂಥವೊಂದು ಎಚ್ಚರಿಸಿದೆ. ಶುರುವಿನಲ್ಲಿ ಸಣ್ಣಪುಟ್ಟ ಅಡ್ಡಪರಿಣಾಮ ಯಾವ ಮದ್ದಿಗಿಲ್ಲ?

ಯೋಗವೂ ಸರಳ. ತ್ರಿಫಲಾ ಚೂರ್ಣದಂತೆ ಇದೂ ಮೂರೇ ದ್ರವ್ಯಗಳ ಚೂರ್ಣ: ನೂರು ಪಾಲಿನಲ್ಲಿ ಸುಮಾರು 75 ಪೆಟ್ಲುಪ್ಪು, 15 ಇದ್ದಿಲು, 10 ಗಂಧಕ. ಪೆಟ್ಲುಪ್ಪಂತೂ ನಮ್ಮದೇ ನೆಲದ ಮೂಲಿಕೆ. ಬಿಹಾರದಲ್ಲಿ ದನಕರು ಕಟ್ಟಿದ ಜಾಗದ, ಹಳೆಗೋಡೆಯ ಬುಡದ ಮಣ್ಣನ್ನು ಕೆರೆದು, ನೀರಿನಲ್ಲಿ ಸೋಸಿ, ಕಾಯಿಸಿ ಹರಳು ತೆಗೆಯುತ್ತಿದ್ದರು. ಅದನ್ನು ಹಡಗಿಗೆ ತುಂಬಿಕೊಂಡು ಹೋಗಲು ಡಚ್ಚರೂ ಇಂಗ್ಲಿಷರೂ ಪಟ್ನಾದಲ್ಲಿ ಅಂಗಡಿ ಹೂಡಿದರು. ನಮ್ಮ ಕೊಟ್ಟಿಗೆಯ ಮಣ್ಣು ಯುರೋಪಿನ ರಾಜರ ರೋಗಗಳನ್ನೆಲ್ಲ ವಾಸಿಮಾಡಿತು.

ಆದರೆ ಈ ಮದ್ದಿನ ಗುಣವನ್ನು ದಿಲ್ಲಿಯಷ್ಟು ಅನುಭವಿಸಿದ ಊರು ಬೇರೆ ಇರಲಾರದು. ಇಲ್ಲಿ ಸುಲ್ತಾನ ಹಳಬನಾದಾಗಲೆಲ್ಲ ಯಾರಾದರೊಬ್ಬರು ವೈದ್ಯರು ವಾಯವ್ಯದಿಂದ ದಯಮಾಡಿಸಿದ್ದಾರೆ. ಅವರಲ್ಲಿ ಬಾಬರನನ್ನು ಮೊದಲು ನೆನೆಯಬೇಕು. ದಿಲ್ಲಿಗೆ ಬರುವ ಮುಂಚೆ, 1519ರಲ್ಲಿ, ಆತ ಬಜೌರಿನಲ್ಲಿ ಒಂದು ಪ್ರಯೋಗ ನಡೆಸಿದ್ದ. ಅಲ್ಲಿಯವರು ಕೋವಿ ಎಂಬುದನ್ನೇ ಕಂಡವರಲ್ಲ. ಢಂ ಎಂಬ ಸದ್ದು ಕೇಳಿ ಹಲ್ಲುಕಿರಿದರಂತೆ, ಹೇಳಬಾರದ ಸನ್ನೆ ಮಾಡಿ ಅಣಕಿಸಿದರಂತೆ. ಆತನ ಕೋವಿಗಾರ ಉಸ್ತಾದ್ ಅಲಿ ಕುಲಿ ಆ ದಿನ ಕೋವಿಯಿಂದ ಐವರನ್ನು ಉರುಳಿಸಿದ ಎಂದು ಬಾಬರನೇ ಬರೆದುಕೊಂಡಿದ್ದಾನೆ. ಮದ್ದಿನ ಮೇಲೆ ನಂಬಿಕೆ ಇಲ್ಲದವರಿಗೆ ನಂಬಿಕೆ ಬರಿಸಿ ಕೊಡುವವನೇ ನಿಜವಾದ ವೈದ್ಯ.

1526ರ ಏಪ್ರಿಲ್‌ನಲ್ಲಿ ಪಾಣಿಪತ್ತಿನಲ್ಲಿ ಚಿಕಿತ್ಸೆ ದೊಡ್ಡ ಮಟ್ಟದಲ್ಲಿ ನಡೆಯಿತು. ಇಂದು ಪಾಣಿಪತ್ತು ರಾಷ್ಟ್ರ ರಾಜಧಾನಿ ವಲಯವಾದ ಎನ್‌ಸಿಆರ್‌ನ ಒಳಗೇ ಇದೆ; ಮೇಲ್ಸೇತುವೆಗಳ ಕೃಪೆಯಿಂದ ದಿಲ್ಲಿಯಿಂದ ಎರಡು ತಾಸಿನ ದಾರಿ. ಬಾಬರ ಏಳುನೂರು ಗಾಡಿಗಳನ್ನು ಹಸಿಚರ್ಮದ ಹಗ್ಗದಿಂದ ಸಾಲಾಗಿ ಬಿಗಿಸಿ, ನಡುನಡುವೆ ಮರೆಗಳನ್ನಿಟ್ಟು, ಅವುಗಳ ಹಿಂದೆ ಕೋವಿಯವರನ್ನು ಕೂರಿಸಿದ. ಒಂದು ಕಡೆ ಉಸ್ತಾದ್ ಅಲಿ ಕುಲಿ, ಇನ್ನೊಂದು ಕಡೆ ಮುಸ್ತಫಾ ರೂಮಿ: ಇಬ್ಬರು ಕಾಂಪೌಂಡರುಗಳು. ಎದುರಿಗೆ ಇಬ್ರಾಹಿಂ ಲೋದಿಯ ಲಕ್ಷ ಜನ, ಸಾವಿರ ಆನೆ ಎಂದು ಬಾಬರನ ಅಂದಾಜು. ಬಿಸಿಲೇರುವಾಗ ಶುರುವಾದ ಉಪಚಾರ ಮಧ್ಯಾಹ್ನದ ಹೊತ್ತಿಗೆ ಮುಗಿದಿತ್ತು. ಇಷ್ಟು ಬೇಗ ರೋಗಿಯನ್ನು ಬಿಟ್ಟುಕೊಡುವ ಆಸ್ಪತ್ರೆ ಇಂದಿನ ದಿಲ್ಲಿಯಲ್ಲಿ ಸಿಕ್ಕೀತೇ? ಇಬ್ರಾಹಿಮನ ತಂದೆ ಸಿಕಂದರ್ ಲೋದಿಗೆ ಈ ಮದ್ದಿನ ಯೋಗವಿರಲಿಲ್ಲ. ಆತ ಲೋದಿ ಗಾರ್ಡನ್ನಿನಲ್ಲಿ ಮಲಗಿದ್ದಾನೆ, ದೊಡ್ಡ ದೊಡ್ಡ ಅಧಿಕಾರಿಗಳು ಬೆಳಬೆಳಿಗ್ಗೆ ಅವನ ಸುತ್ತ ವಾಯುಸೇವನೆಗೆ ಬರುತ್ತಾರೆ. ಮಗ ಪಾಣಿಪತ್ತಿನಲ್ಲೇ ಉಳಿದ.

ಇಲ್ಲಿ ಕನ್ನಡಿಗನಾದ ನಾನು ಒಂದು ಮಾತು ಹೇಳದಿದ್ದರೆ ಊರಿನವರು ಒಪ್ಪುವುದಿಲ್ಲ. ಬಾಬರನಿಗಿಂತ ಆರು ವರ್ಷ ಮೊದಲೇ, 1520ರಲ್ಲಿ, ಕೃಷ್ಣದೇವರಾಯನ ರಾಯಚೂರು ಮುತ್ತಿಗೆಯಲ್ಲಿ ಕ್ರಿಸ್ಟೋವಾ ಡಿ ಫಿಗೈರೆಡೊ ಎಂಬ ಪೋರ್ಚುಗೀಸ ತನ್ನವರೊಡನೆ ಸೇರಿ, ಕೋಟೆಗೋಡೆಯ ಮೇಲೆ ತಲೆ ಎತ್ತಿದವರಿಗೆಲ್ಲ ಕೋವಿಯಿಂದ ಮದ್ದು ಹಾಕಿದ್ದ. ಮುಂದೆ ನಮ್ಮ ಮೈಸೂರಿನವರು ಈ ಚೂರ್ಣವನ್ನು ಕಬ್ಬಿಣದ ಕೊಳವೆಯಲ್ಲಿ ತುಂಬಿ, ಬಿದಿರಿಗೆ ಕಟ್ಟಿ, ರೋಗಿ ಇದ್ದಲ್ಲಿಗೇ ಹಾರಿಸಿದರು. ವಿಲಿಯಂ ಕಾಂಗ್ರೀವ್ ಆ ಕೊಳವೆಗಳನ್ನು ನೋಡಿ ವಿಲಾಯತಿಯಲ್ಲಿ ತನ್ನ ಹೆಸರಿನ ರಾಕೆಟ್ ಮಾಡಿಕೊಂಡ. ಮನೆಮದ್ದಿಗೆ ಊರಿನಲ್ಲಿ ಬೆಲೆ ಇಲ್ಲ, ಅದಕ್ಕೆ ಇಂಗ್ಲಿಷ್ ಲೇಬಲ್ ಬೇಕು.

ದಿಲ್ಲಿಗೆ ಮರಳೋಣ. 1739ರಲ್ಲಿ ಪರ್ಷಿಯಾದಿಂದ ನಾದಿರ್ ಶಾಹ ಬಂದ. ಆತನದು ಸಂಚಾರಿ ಚಿಕಿತ್ಸಾಲಯ. ಒಂಟೆಗಳ ಬೆನ್ನಿಗೆ ಪುಟ್ಟ ತೋಪು ಕಟ್ಟಿ, ಅದಕ್ಕೆ ಜಂಬೂರಕ್, ಅಂದರೆ ‘ಕಣಜದ ಮರಿ’ ಎಂದು ಮುದ್ದಿನ ಹೆಸರಿಟ್ಟಿದ್ದರು. ಮೊಗಲರ ತೋಪುಗಳು ಭಾರಿ, ಎಳೆಯಲು ಎತ್ತುಗಳ ಹಿಂಡೇ ಬೇಕು. ರೋಗ ಬಂದ ಕಡೆಗೆ ಅವು ತಿರುಗುವಷ್ಟರಲ್ಲಿ ಕರ್ನಾಲಿನಲ್ಲಿ ಮೂರ್ನಾಲ್ಕು ತಾಸಿನೊಳಗೆ ಎಲ್ಲ ಮುಗಿದಿತ್ತು. ನಾದಿರ್ ಶಾಹ ಫೀಸಿನ ವಿಷಯದಲ್ಲಿ ಸ್ವಲ್ಪ ಕಟ್ಟುನಿಟ್ಟು. ಮಯೂರ ಸಿಂಹಾಸನ, ಕೊಹಿನೂರು ಇಷ್ಟನ್ನೂ ಬಿಲ್ಲಿಗೆ ಸೇರಿಸಿಕೊಂಡೇ ಹೊರಟ. ದೊಡ್ಡ ಡಾಕ್ಟರ್ ಎಂದರೆ ಹಾಗೇ.

ನಡುವೆ ಒಂದು ಅಪವಾದ ನಡೆದದ್ದನ್ನು ಮುಚ್ಚಿಡಬಾರದು. 1556ರಲ್ಲಿ ಅದೇ ಪಾಣಿಪತ್ತಿನಲ್ಲಿ ಮೊಗಲರಿಗೆ ಎದುರು ನಿಂತ ಹೇಮು ಬಿದ್ದದ್ದು ಕಣ್ಣಿಗೆ ನಾಟಿದ ಬಾಣದಿಂದ. ಆತ ರೇವಾಡಿಯಲ್ಲಿ ಪೆಟ್ಲುಪ್ಪು ಮಾರುತ್ತಿದ್ದವನು ಎಂಬ ಪ್ರತೀತಿಯಿದೆ. ಅವನ ತೋಪುಗಳನ್ನು ಕಾಳಗಕ್ಕೆ ಮುಂಚೆಯೇ ಎದುರಾಳಿಗಳು ಹೊತ್ತೊಯ್ದಿದ್ದರು. ಮದ್ದಿನಂಗಡಿಯವನಿಗೇ ಸಮಯಕ್ಕೆ ಮದ್ದು ಸಿಗಲಿಲ್ಲ. ಇದು ಮದ್ದಿನ ತಪ್ಪಲ್ಲ, ಸರಬರಾಜಿನ ತಪ್ಪು.

ಮದ್ದು ಎಷ್ಟೇ ಒಳ್ಳೆಯದಿರಲಿ, ಅನುಪಾನ ಸರಿಯಿಲ್ಲದಿದ್ದರೆ ಮೈಗೆ ಹಿಡಿಯುವುದಿಲ್ಲ ಎಂದು ನಮ್ಮ ಪಂಡಿತರು ಹೇಳುತ್ತಾರೆ. ಇದಕ್ಕೆ ಸಾಕ್ಷಿ ಮೀರತ್. ಎನ್‌ಫೀಲ್ಡ್ ಕೋವಿಯ ಮದ್ದು ಕಾಗದದ ತೋಟಾದಲ್ಲಿ ಅಳತೆಮಾಡಿ ಬರುತ್ತಿತ್ತು. ಹಲ್ಲಿನಿಂದ ಕಚ್ಚಿ ಹರಿದು ನಳಿಗೆಗೆ ಸುರಿಯಬೇಕು. ಕಾಗದಕ್ಕೆ ಸವರಿದ ಜಿಡ್ಡು ದನದ್ದೋ ಹಂದಿಯದೋ ಎಂಬ ಮಾತು ಹಬ್ಬಿತು. ಕಂಪನಿ ಸರ್ಕಾರ ಎರಡು ಧರ್ಮಗಳಿಗೂ ಸರಿಸಮನಾದ ಅನುಪಾನ ಹುಡುಕಿತ್ತೆಂದು ಜನ ಮೆಚ್ಚಬೇಕಿತ್ತು. 1857ರ ಏಪ್ರಿಲ್ 24ರಂದು ತೊಂಬತ್ತು ಸವಾರರಿಗೆ ತೋಟಾ ಹಿಡಿಯಲು ಹೇಳಿದಾಗ ಎಂಬತ್ತೈದು ಮಂದಿ ಒಲ್ಲೆವೆಂದರು. ಮೇ 9ರಂದು ಅವರ ಕಾಲಿಗೆ ಎಲ್ಲರೆದುರು ಬೇಡಿ ಜಡಿದರು. ಹತ್ತರಂದು ಮೀರತ್ ಎದ್ದಿತು, ಹನ್ನೊಂದರಂದು ದಿಲ್ಲಿ.

ಆ ದಿನ ಮಧ್ಯಾಹ್ನ ದಿಲ್ಲಿಯ ಮದ್ದಿನಮನೆಯನ್ನು ಕಾಯುತ್ತಿದ್ದವರು ಲೆಫ್ಟಿನೆಂಟ್ ವಿಲೋಬಿ ಸೇರಿ ಒಂಬತ್ತು ಮಂದಿ ಇಂಗ್ಲಿಷರು. ಗೋಡೆ ಏರಿ ಬರುವವರ ಕೈಗೆ ಮದ್ದು ಸಿಗದಿರಲೆಂದು ಅವರು ಅಷ್ಟನ್ನೂ ಒಂದೇ ಸಲ ಇಡೀ ಪೇಟೆಗೆ ಹಂಚಿದರು. ಮದ್ದಿನಮನೆಯ ಮುರಿದ ಬಾಗಿಲುಗಳು ಲೋಥಿಯನ್ ರಸ್ತೆಯ ನಡುವೆ ಇಂದಿಗೂ ನಿಂತಿವೆ, ಎರಡೂ ಬದಿ ವಾಹನಗಳು ಹಾರ್ನ್ ಹೊಡೆದು ನಮಸ್ಕರಿಸುತ್ತ ಹೋಗುತ್ತವೆ. ಅಲ್ಲಿ ಇಂಗ್ಲಿಷರು ಹಾಕಿದ ಕಲ್ಲಿನಲ್ಲಿ ಎದುರಾಳಿಗಳನ್ನು ದಂಗೆಕೋರರು ಎಂದಿದೆ. ಸ್ವತಂತ್ರ ಭಾರತ ಅದನ್ನು ಕೀಳದೆ ಕೆಳಗೆ ಇನ್ನೊಂದು ಕಲ್ಲು ಕೂರಿಸಿ, ಅವರು ಪರಕೀಯ ಆಡಳಿತವನ್ನು ಕಿತ್ತೊಗೆಯಲು ಹೊರಟ ಭಾರತೀಯರು ಎಂದು ತಿದ್ದಿತು. ಇಂಥ ದೊಡ್ಡ ಕಾಯಿಲೆಯಲ್ಲಿ ಸೆಕೆಂಡ್ ಒಪಿನಿಯನ್ ತೆಗೆದುಕೊಳ್ಳುವುದು ಯಾವಾಗಲೂ ಒಳ್ಳೆಯದು. ಅದೇ 1857ರ ಸೆಪ್ಟೆಂಬರ್ 14ರಂದು ಇಂಗ್ಲಿಷರು ಮದ್ದಿನ ಚೀಲಗಳನ್ನು ತಂದು ಕಾಶ್ಮೀರಿ ಗೇಟಿಗೆ ಒರಗಿಸಿ ಸಿಡಿಸಿದರು. ಗೇಟು ಈಗಲೂ ಮೈತುಂಬ ಗಾಯದ ಕಲೆ ಹೊತ್ತು ನಿಂತಿದೆ. ಪಕ್ಕದ ಮೆಟ್ರೋ ನಿಲ್ದಾಣದಲ್ಲಿ ಮೂರು ಮಾರ್ಗಗಳ ಜನ ಇಳಿದು ಹತ್ತಿ ಹೋಗುತ್ತಾರೆ. ಯಾರಿಗೂ ಅತ್ತ ನೋಡಲು ಪುರುಸೊತ್ತಿಲ್ಲ. ವಾಸಿಯಾದ ಗಾಯವನ್ನು ಯಾರು ನೋಡುತ್ತಾರೆ?

ಆಗೆಲ್ಲ ಮದ್ದು ಅರಸರಿಗೆ, ಸಿಪಾಯಿಗಳಿಗೆ ಮೀಸಲಾಗಿತ್ತು. ಪ್ರಜಾಪ್ರಭುತ್ವ ಅದನ್ನು ಮನೆಮನೆಗೆ ಮುಟ್ಟಿಸಿದೆ. ಎನ್‌ಸಿಆರ್‌ನ ಮದುವೆಗಳಲ್ಲಿ ವರ ಕುದುರೆ ಏರಿದ ಕೂಡಲೇ ಭಾವಮೈದುನರು ಸಂತೋಷಕ್ಕೆ ಆಕಾಶಕ್ಕೆ ಗುಂಡು ಹಾರಿಸುತ್ತಾರೆ. ಹಿಂದಿ ಪತ್ರಿಕೆಗಳು ಇದನ್ನು ‘ಹರ್ಷ್ ಫೈರಿಂಗ್’ ಎನ್ನುತ್ತವೆ. ಕನ್ನಡದ ಗುಂಡು, ಹಿಂದಿಯ ದಾರೂ ಎರಡೂ ಅಲ್ಲಿ ಎರಡೆರಡು ಅರ್ಥದಲ್ಲಿ ಒಟ್ಟಿಗೆ ಸೇರುತ್ತವೆ. ಮೇಲೆ ಹೋದ ಗೋಲಿ ಯಾವ ನೆಂಟನಿಗೆ ಬೇಕೋ ಅವನನ್ನು ಹುಡುಕಿಕೊಂಡು ಇಳಿಯುತ್ತದೆ. 2019ರ ಶಸ್ತ್ರಾಸ್ತ್ರ ತಿದ್ದುಪಡಿ ಕಾಯ್ದೆ ಈ ಸಂಭ್ರಮಕ್ಕೆ ಎರಡು ವರ್ಷದವರೆಗೆ ಜೈಲು, ಇಲ್ಲವೇ ಒಂದು ಲಕ್ಷ ರೂಪಾಯಿವರೆಗೆ ದಂಡ, ಅಥವಾ ಎರಡೂ ಎಂದು ದರ ಗೊತ್ತುಮಾಡಿದೆ. ಬ್ಯಾಂಡ್‌ಸೆಟ್‌ನವರ ದರಪಟ್ಟಿ ಇಷ್ಟು ಸ್ಪಷ್ಟವಾಗಿರುವುದಿಲ್ಲ.

ಇನ್ನು ದೀಪಾವಳಿ. ಇಲ್ಲಿ ಮದ್ದನ್ನು ನುಂಗುವ ಕಷ್ಟವೂ ಇಲ್ಲ, ಆಯುರ್ವೇದ ಹೇಳುವ ನಸ್ಯದ ಹಾಗೆ ಮೂಗಿನಿಂದಲೇ ಸೇವನೆ. ಜಾತಿ, ಮತ, ಬಾಡಿಗೆದಾರ, ಮನೆಮಾಲೀಕ ಎಂಬ ಭೇದವಿಲ್ಲ. ಕಿಟಕಿ ಮುಚ್ಚಿದವನಿಗೂ ಪಾಲು ತಪ್ಪದು. 2015ರಲ್ಲಿ ಮೂವರು ಹಸುಗೂಸುಗಳ ಹೆಸರಿನಲ್ಲಿ ಹೆತ್ತವರು ಪಟಾಕಿ ಬೇಡವೆಂದು ಸುಪ್ರೀಂ ಕೋರ್ಟಿಗೆ ಹೋದರು. ಕಹಿ ಮದ್ದು ಕಂಡರೆ ಮಕ್ಕಳು ಅಳುವುದು ಸಹಜ. ಆಮೇಲೆ ನಿಷೇಧ, ಸಡಿಲಿಕೆ, ಮತ್ತೆ ನಿಷೇಧ ಎಂದು ಪಥ್ಯ ಬದಲಾಗುತ್ತ ಬಂತು. ನಡುವೆ ನಾಗಪುರದ ನೀರಿ ಸಂಸ್ಥೆಯ ವಿಜ್ಞಾನಿಗಳು ಹೊಗೆಯ ಕಣವನ್ನು ಶೇಕಡ 30ರಷ್ಟು ಇಳಿಸುವ ಹಸಿರು ಪಟಾಕಿ ಕೊಟ್ಟರು. ಉಳಿದ ಎಪ್ಪತ್ತು ಪಾಲು ನಮಗೇ ಇರಲಿ ಎಂದು ಬಿಟ್ಟದ್ದು ಅವರ ಔದಾರ್ಯ. ಗಾಳಿಯ ಗುಣಮಟ್ಟದ ಸರ್ಕಾರಿ ಸೂಚ್ಯಂಕ 500ಕ್ಕೆ ನಿಲ್ಲುತ್ತದೆ. ಅದರಾಚೆಯ ಗುಣ ಅಳತೆಗೆ ಸಿಗದಷ್ಟು ದೊಡ್ಡದು. 2025ರ ಅಕ್ಟೋಬರಿನಲ್ಲಿ ಕೋರ್ಟು ಹಸಿರು ಪಟಾಕಿಗೆ ಒಪ್ಪಿ, ಹಬ್ಬದ ಮುನ್ನಾದಿನ ಮತ್ತು ಹಬ್ಬದ ದಿನ, ಬೆಳಿಗ್ಗೆ 6ರಿಂದ 7, ರಾತ್ರಿ 8ರಿಂದ 10 ಎಂದು ಹೊತ್ತು ಗೊತ್ತುಮಾಡಿತು. ಡಾಕ್ಟರರು ಚೀಟಿಯಲ್ಲಿ 1-0-1 ಎಂದು ಬರೆಯುತ್ತಾರಲ್ಲ, ಅದೇ ಕ್ರಮ.

ಹಬ್ಬದ ರಾತ್ರಿ ಹನ್ನೊಂದರ ಹೊತ್ತಿಗೆ ಊರಿನಿಂದ ಅಮ್ಮ ಫೋನು ಮಾಡಿದಳು. ನನ್ನ ಬಾಲ್ಕನಿಯ ಕೆಳಗೆ ಸರಪಟಾಕಿ ಸಿಡಿಯುತ್ತಿತ್ತು, ನಾನು ಕೆಮ್ಮುತ್ತಿದ್ದೆ.

“ಎಂಥ ಕೆಮ್ಮು ಮಾರಾಯ ಅದು? ಮದ್ದು ತೆಗೊಳ್ತಾ ಇದ್ದೀಯಾ?”

“ತೆಗೊಳ್ತಾ ಇದ್ದೇನೆ ಅಮ್ಮ.”

“ಎಷ್ಟು ಹೊತ್ತು?”

“ಬೆಳಿಗ್ಗೆ ಒಂದು, ರಾತ್ರಿ ಒಂದು. ಎರಡು ದಿನಕ್ಕೆ ಕೊಟ್ಟಿದ್ದಾರೆ.”

“ಹಾಗಾದ್ರೆ ಸರಿ. ಒಂದು ಹೊತ್ತೂ ತಪ್ಪಿಸ್ಬೇಡ, ಆಯ್ತಾ?”

“ಇಲ್ಲಮ್ಮ,” ಎಂದೆ. “ಇಲ್ಲಿ ತಪ್ಪಿಸ್ಲಿಕ್ಕೆ ಯಾರಿಗೂ ಆಗುದಿಲ್ಲ.”