ಇಂಬಳದ ಜತೆ ಒಂದು ಚುನಾವಣಾ ಸಂದರ್ಶನ

ಕೊಟ್ಟಿಗೆಹಾರದಿಂದ ಕಳಸಕ್ಕೆ ಹೋಗುವ ದಾರಿ. ತೋಟದ ಬೇಲಿಯಂಚಿನ ತರಗೆಲೆಯ ಮೇಲೆ ನಿಂತು ಇಂಬಳ ಮಾತಿಗೆ ಒಪ್ಪಿತು. ಸುಣ್ಣ, ಉಪ್ಪು, ಹೊಗೆಸೊಪ್ಪು ಮೂರನ್ನೂ ದೂರ ಇಟ್ಟು ಬರಬೇಕೆಂಬುದಷ್ಟೇ ಅದರ ಷರತ್ತು.

1978ರ ಚಿಕ್ಕಮಗಳೂರು ಲೋಕಸಭಾ ಉಪಚುನಾವಣೆ ನಿಮಗೆ ಹೇಗೆ ಗೊತ್ತು?

ನಮಗೆ ಚರಿತ್ರೆ ರಕ್ತದಲ್ಲೇ ಬರುತ್ತದೆ. ಬೇರೆಯವರ ರಕ್ತ, ಅದಿರಲಿ. ಆ ವರ್ಷ ನಮಗೆ ಸುಗ್ಗಿ. ದೆಹಲಿಯ ಪತ್ರಕರ್ತರೆಲ್ಲ ಬರೀ ಚಪ್ಪಲಿಯಲ್ಲಿ ತೋಟಕ್ಕಿಳಿದರು. ಒಂದು ಸಿಂಹಿಣಿ, ನೂರು ಮುಸಿಯ ಅಂತ ಪ್ರಚಾರಕ್ಕೆ ಬಂದವರು ಹಿಂದಿಯಲ್ಲಿ ಕೂಗಿದರಂತೆ. ಇಲ್ಲಿನ ಮುಸಿಯಗಳಿಗೆ ಬೇಜಾರಾಯಿತು.

ದಾರದಹಳ್ಳಿಯ ಡಿ.ಬಿ. ಚಂದ್ರೇಗೌಡರು ಸೀಟು ಬಿಟ್ಟುಕೊಟ್ಟರು. ರಾಯ್‌ಬರೇಲಿಯಲ್ಲಿ ಸೋತ, ಕನ್ನಡ ಬಾರದ ಇಂದಿರಾ ಗಾಂಧಿ ಬಂದರು. ಹೊರಗಿನವರನ್ನು ಒಪ್ಪಿದ್ದು ಹೇಗೆ?

ಎದುರು ನಿಂತ ವೀರೇಂದ್ರ ಪಾಟೀಲರು ಯಾವ ಊರು? ಚಿಂಚೋಳಿ! ಅವರ ಕಾಲಿಗೂ ನಾವು ಹೊಸಬರೇ. ಕಾಫಿಯೇ ಯೆಮನ್ನಿನದು, ಬಾಬಾಬುಡನ್ ತಂದದ್ದು ಅನ್ನುತ್ತೀರಿ. ಈ ಗುಡ್ಡದಲ್ಲಿ ಹೊರಗಿನವರು ಅನ್ನುವ ಮಾತು ನಡೆಯುವುದಿಲ್ಲ.

ಜನ ಮರುಳಾದರು ಅನ್ನೋಣವೇ?

ಲೆಕ್ಕ ಹಾಕಿದರು. 1974ರ ಭೂಸುಧಾರಣೆಯಲ್ಲಿ ಗದ್ದೆ ಗೇಣಿದಾರನದಾಯಿತು. ಮಾಡಿದ್ದು ದೇವರಾಜ ಅರಸು, ಹೆಸರು ಅಮ್ಮನಿಗೆ. ಕಾಫಿ ತೋಟವನ್ನು ಕಾಯ್ದೆ ಮುಟ್ಟಲಿಲ್ಲ, ಹಾಗಾಗಿ ಧಣಿಗೂ ನಿದ್ದೆ ಬಂತು.

ತುರ್ತುಪರಿಸ್ಥಿತಿಯನ್ನು ಅಷ್ಟು ಬೇಗ ಮರೆತರೇ?

ಮೇಸ್ತ್ರಿ ಕೂಗಿದಾಗ ಏಳಬೇಕು, ರೈಟರ್ ಹಾಜರಿ ಹಾಕಿದರೆ ಸಂಬಳ. ಅಂಥ ಲೈನ್ ಮನೆ ಮುಂದೆ ನಿಂತು ಸ್ವಾತಂತ್ರ್ಯ ಹೋಯಿತು ಅಂದರೆ, ಬಂದದ್ದು ಯಾವಾಗ ಅಂತ ಕೇಳುತ್ತಾರೆ.

(ಚುರುಕಾದ ಉತ್ತರ, ಆದರೆ ಅರ್ಧ ಸತ್ಯ. ಬೆಂಗಳೂರು ಜೈಲಿನಲ್ಲಿ ನರಳಿದ ಸ್ನೇಹಲತಾ ರೆಡ್ಡಿಯವರ ಮುಂದೆ ಇಂಬಳ ಹೀಗೆ ಮಾತಾಡಲಾರದು. ಹಾಗಂತ ಹೇಳಿದೆ. ಅದು ಸ್ವಲ್ಪ ಹೊತ್ತು ಮುದುಡಿಕೊಂಡಿತು.)

ಇಂದಿರಾ ಗಾಂಧಿಯಂಥ ವಿಚಿತ್ರ ಅಭ್ಯರ್ಥಿಗಳ ಮೇಲೆ ಮತದಾರನಿಗೆ ಯಾಕೆ ಒಲವು?

ಎಂದಿನ ಅಭ್ಯರ್ಥಿ ಧಣಿಯ ಜಗಲಿಯಲ್ಲಿ ಕಾಫಿ ಕುಡಿದು ಹೋಗುತ್ತಾನೆ. ಯಾರಿಗೆ ಒತ್ತಬೇಕೆಂಬ ಸುದ್ದಿ ಮೇಸ್ತ್ರಿಯ ಬಾಯಲ್ಲಿ ಲೈನಿಗೆ ಬರುತ್ತದೆ. ವಿಚಿತ್ರದವರು ನಿಂತರೆ ಧಣಿಗೂ ಲೆಕ್ಕ ತಪ್ಪುತ್ತದೆ. ಸಂಜೆ ಅವನೇ ಲೈನಿಗೆ ಬಂದು, "ಏನ್ರೋ, ಯಾರಿಗೆ?" ಅಂತ ಕೇಳುತ್ತಾನೆ. ಆಳು ತಲೆ ಕೆರೆದುಕೊಂಡು, "ನೋಡ್ಬೇಕು ಅಯ್ಯಾ" ಅನ್ನುತ್ತಾನೆ. ಧಣಿಗೆ ಗೊತ್ತಿಲ್ಲದ್ದೊಂದು ತನ್ನ ಹತ್ತಿರ ಇದೆ! ಆ ಸುಖಕ್ಕಾಗಿಯೇ ಅರ್ಧ ವೋಟು ಬೀಳುತ್ತದೆ. ನೀವು ಪೇಟೆಯವರು ಅದಕ್ಕೆ ಅಲೆ ಅಂತ ಹೆಸರಿಡುತ್ತೀರಿ.

ಅಲೆಯಿಂದ ಸಿಕ್ಕಿದ್ದೇನು?

77 ಸಾವಿರಕ್ಕೂ ಹೆಚ್ಚಿನ ಅಂತರದ ಗೆಲುವು. ಡಿಸೆಂಬರ್ 19ಕ್ಕೆ ಲೋಕಸಭೆ ಆಕೆಯನ್ನು ಉಚ್ಚಾಟಿಸಿ ತಿಹಾರಕ್ಕೆ ಕಳಿಸಿತು. 1980ರಲ್ಲಿ ರಾಯ್‌ಬರೇಲಿ, ಮೇದಕ್ ಎರಡರಲ್ಲೂ ನಿಂತು ಗೆದ್ದರು. ಚಿಕ್ಕಮಗಳೂರಿನಲ್ಲಿ ಮತ್ತೆ ನಿಲ್ಲಲಿಲ್ಲ. ಕಚ್ಚಿಕೊಂಡಲ್ಲೇ ಇರುವುದು ನಮ್ಮ ಕುಲಧರ್ಮ, ಅವರದಲ್ಲ.

ಸೋತ ವೀರೇಂದ್ರ ಪಾಟೀಲರು?

ಅದೇ 1980ರಲ್ಲಿ ಇಂದಿರಾ ಗಾಂಧಿ ಸಂಪುಟದಲ್ಲಿ ಮಂತ್ರಿಯಾದರು.